ಬೂಷ್ಟು ಹಿಡಿದ ಕಾಮ್ರೇಡ್ ಜೊತೆ ಮಾತುಕತೆ

ಮೂಡಿಗೆರೆ ಕಡೆಯ ಕಾಫಿ ತೋಟದ ಮನೆಯೊಂದರ ಅಟ್ಟದಲ್ಲಿ ಇವರ ವಾಸ. ಹೆಸರು 'ಪ್ರಾಬ್ಲಮ್ಸ್ ಇನ್ ಜನರಲ್ ಫಿಸಿಕ್ಸ್', ಬರೆದವರು ಇರೊಡೊವ್, ಅಚ್ಚಾದದ್ದು ಮಾಸ್ಕೋದ ಮೀರ್ ಪ್ರಕಾಶನದಲ್ಲಿ. ಮೈಮೇಲೆ 'ಸೋವಿಯತ್ ಲ್ಯಾಂಡ್' ಪತ್ರಿಕೆಯ ನುಣುಪು ಹಾಳೆಯ ಬೈಂಡು. ಆರಿದ್ರಾ ಮಳೆಗೆ ಬೂಷ್ಟು ಹಿಡಿದಿದ್ದರೂ ಗತ್ತು ಇಳಿದಿಲ್ಲ.

ಮಾಸ್ಕೋದಿಂದ ಮಲೆನಾಡಿಗೆ ಹೇಗೆ ಬಂದಿರಿ?

"ನಿಮ್ಮ ಕಾಫಿ ಅಲ್ಲಿಗೆ ಹೋಯಿತು, ನಾನು ಇಲ್ಲಿಗೆ ಬಂದೆ. ಡಾಲರ್ ಮುಟ್ಟದ ರೂಪಾಯಿ ವ್ಯಾಪಾರ ಮಾರಾಯ್ರೆ. ನಿಮ್ಮ ಸಾಹುಕಾರರು ಬೆಳೆದದ್ದನ್ನೆಲ್ಲ ಕಾಫಿ ಬೋರ್ಡಿನ ಪೂಲಿಗೆ ಹಾಕಿ, ದುಡ್ಡಿಗೆ ಕಂತು ಕಂತಾಗಿ ಕಾಯುತ್ತಿದ್ದರು. ಆದರೂ ಕಮ್ಯುನಿಸಂ ನಮಗಾಗದು ಎನ್ನುತ್ತಿದ್ದರು!"

ನಿಮ್ಮಲ್ಲಿ ಓದು ಪುಕ್ಕಟೆಯಾಗಿತ್ತಂತೆ?

"ಫೀಸಿಲ್ಲ, ಮೇಲಿಂದ ವಿದ್ಯಾರ್ಥಿವೇತನ. ಪದವಿ ಮುಗಿದರೆ ಕೆಲಸವೂ ಖಾತ್ರಿ. ಊರು ಮಾತ್ರ ಸರ್ಕಾರ ಹೇಳಿದ್ದು, ಸಾಮಾನ್ಯವಾಗಿ ಮೂರು ವರ್ಷ. ಫಿಸಿಕ್ಸ್ ಓದುವವನೂ ಪಕ್ಷದ ಇತಿಹಾಸದಲ್ಲಿ ಪಾಸಾಗಬೇಕಿತ್ತು."

ಆ ಇತಿಹಾಸವೇ ಬದಲಾದರೆ?

"ಪುಟ ಬದಲಾಯಿಸುತ್ತಿದ್ದರು. ಗುಪ್ತ ಪೊಲೀಸರ ಮುಖ್ಯಸ್ಥ ಬೆರಿಯಾ 1953ರಲ್ಲಿ ಬಿದ್ದ ಮೇಲೆ, ಮಹಾ ಸೋವಿಯತ್ ವಿಶ್ವಕೋಶದ ಚಂದಾದಾರರಿಗೆ ಅಂಚೆಯಲ್ಲಿ ಹೊಸ ಹಾಳೆಗಳು ಬಂದವು: ಅವನ ಪುಟ ಕತ್ತರಿಸಿ, ಬೇರಿಂಗ್ ಸಮುದ್ರವನ್ನು ಅಂಟಿಸಿಕೊಳ್ಳಿ. 1988ರ ಹೊತ್ತಿಗೆ ಅಂಟು ಸಾಲದೆ ಶಾಲೆಗಳ ಇತಿಹಾಸ ಪರೀಕ್ಷೆಯನ್ನೇ ರದ್ದು ಮಾಡಿದರು."

(ಪಠ್ಯದಲ್ಲಿ ಪಾಠ ಹಾಕುವ, ತೆಗೆಯುವ ಗಲಾಟೆ ಕಂಡ ಕರ್ನಾಟಕದವನಾದ್ದರಿಂದ ನಾನು ನಗಲಿಲ್ಲ.)

ವಿಜ್ಞಾನಕ್ಕಾದರೂ ಪಕ್ಷದ ಕಾಟ ಇರಲಿಲ್ಲ ತಾನೆ?

"ನಿಮ್ಮ ಬಾಳೆಹೊನ್ನೂರಿನ ಕಾಫಿ ಸಂಶೋಧಕರು ತಳಿ ಕೂಡಿಸಿ ಎಸ್.795 ಗಿಡ ಕೊಟ್ಟರಲ್ಲ, ಅದೇ ದಶಕದಲ್ಲಿ, 1948ರಲ್ಲಿ, ನಮ್ಮ ಕೃಷಿ ವಿಜ್ಞಾನಿ ಲಿಸೆಂಕೊ ತಳಿಶಾಸ್ತ್ರ ಬೂರ್ಜ್ವಾ ವಿದ್ಯೆ ಎಂದು ಅದನ್ನು ಪಾಠದಿಂದಲೇ ಓಡಿಸಿದ. ಬೀಜಕ್ಕಾಗಿ ಲೋಕ ಸುತ್ತಿದ ತಳಿಶಾಸ್ತ್ರಜ್ಞ ವವಿಲೋವ್ 1943ರಲ್ಲೇ ಸರಾತೋವ್ ಜೈಲಿನಲ್ಲಿ ತೀರಿಕೊಂಡಿದ್ದರು. (ದನಿ ತಗ್ಗಿಸಿ) ಲೆಕ್ಕದವರೂ ಸಾಚಾ ಅಲ್ಲ. ಎಪ್ಪತ್ತರ ದಶಕದಲ್ಲಿ ಮಾಸ್ಕೋ ವಿಶ್ವವಿದ್ಯಾಲಯದ ಗಣಿತ ವಿಭಾಗದ ಮೌಖಿಕ ಪರೀಕ್ಷೆಯಲ್ಲಿ, ಯಹೂದಿ ಹುಡುಗರನ್ನು ಹೊರಗಿಡಲೆಂದೇ ಭಯಂಕರ ಲೆಕ್ಕಗಳನ್ನು ಎತ್ತಿಟ್ಟಿರುತ್ತಿದ್ದರು. ಅವು ನನ್ನಲ್ಲಿಲ್ಲ, ಹುಡುಕಬೇಡಿ."

1991ರಲ್ಲಿ ಸೋವಿಯತ್ ಒಕ್ಕೂಟ ಒಡೆದ ನಂತರ?

"ನಿಮ್ಮ ಕಾಫಿ ಪೂಲ್ 1996ಕ್ಕೆ ಮುಗಿಯಿತು. ನಮ್ಮಲ್ಲಿ 1992ರ ಶಿಕ್ಷಣ ಕಾನೂನು ಖಾಸಗಿ ಕಾಲೇಜಿಗೆ ಬಾಗಿಲು ತೆಗೆಯಿತು. ಪುಕ್ಕಟೆ ಸೀಟು ಉಳಿಯಿತು, ಪಕ್ಕದಲ್ಲೇ ಫೀಸಿನ ಸೀಟೂ ಕೂತಿತು. ಸಂಬಳ ಸಾಲದ ಪ್ರೊಫೆಸರುಗಳು ವಿದೇಶದ ವಿಮಾನ ಹತ್ತಿದರು. 2003ರಲ್ಲಿ ಯುರೋಪಿನ ಬೊಲೊನ್ಯ ಪದ್ಧತಿಗೆ ಸೇರಿ, ಐದು ವರ್ಷದ ಓದನ್ನು ನಾಲ್ಕು, ಎರಡು ಎಂದು ಹೋಳು ಮಾಡಿದರು. 2022ರಲ್ಲಿ ಅದೂ ಬೇಡವಾಯಿತು."

ಛೆ, ಇಷ್ಟೊಂದು ಗೊಂದಲವೆ!

"ನಿಮ್ಮ ರಾಜ್ಯದಲ್ಲಿ 2021ರಲ್ಲಿ ನಾಲ್ಕು ವರ್ಷದ ಪದವಿ ತಂದು 2024ರಲ್ಲಿ ಮೂರಕ್ಕೆ ಇಳಿಸಿದವರು ರಷ್ಯನ್ನರೇ?"

(ಕೆಮ್ಮು ನನ್ನದು.) ಈಗ ಹೇಗಿದೆ ಬಾಳು?

"ಕಾಮ್ರೇಡ್ ಆಗಿ ಬಂದವನು ಕೋಚಿಂಗ್ ಕ್ಲಾಸಿನ ಆಳಾದೆ. ಐಐಟಿ ಆಸೆ ತೋರಿಸಿ ಲಕ್ಷಗಟ್ಟಲೆ ಫೀಸು ಕಟ್ಟಿಸಿಕೊಂಡು ನನ್ನ ಲೆಕ್ಕ ಮಾಡಿಸುತ್ತಾರೆ. ನನ್ನ ದೇಶ ಹೋಯಿತು, ಇಂಡಿಯಾದಲ್ಲಿ ಅಚ್ಚಾದ ನನ್ನ ಪ್ರತಿ ಇನ್ನೂ ಖರ್ಚಾಗುತ್ತಿದೆ. ಮಾರ್ಕ್ಸ್ ಗಡ್ಡ ಕೆರೆದುಕೊಳ್ಳಲಿ."

ಓದುಗರಿಗೆ ಏನಾದರೂ?

"ಬಿಸಿಲು ಬಿದ್ದ ದಿನ ನನ್ನನ್ನು ಅಟ್ಟದಿಂದ ಇಳಿಸಿ. ಉತ್ತರ ಬಿಡಿಸಿಟ್ಟ ಗೈಡನ್ನು ಮಕ್ಕಳಿಗೆ ತಂದುಕೊಡಬೇಡಿ. ಒಂದು ಲೆಕ್ಕಕ್ಕೆ ಒಂದು ಸಂಜೆ ಹೋದರೂ ಹೋಗಲಿ."