ಗೋಡೆಯಾಚೆಯ ಬೆಕ್ಕು

ಟಾಮ್ ಅಂಡ್ ಜೆರ್ರಿಯನ್ನು ನಾನು ಕಣ್ಣಿಗಿಂತ ಹೆಚ್ಚಾಗಿ ಕಿವಿಯಲ್ಲೇ ನೋಡಿದವನು. ನಡುಮನೆಯಲ್ಲಿ ಟಿವಿ, ಅದರೆದುರು ತಟ್ಟೆ ಹಿಡಿದು ಊಟ ಮರೆತ ಮೊಮ್ಮಗ. ಗೋಡೆಯ ಈಚೆ ಪೇಪರ್ ಹಿಡಿದ ನಾನು. ಪಿಟೀಲು ತುದಿಗಾಲಲ್ಲಿ ನಡೆದರೆ ಬೆಕ್ಕು ಹೊಂಚುತ್ತಿದೆ ಎಂದರ್ಥ. ಧಡಾರ್ ಎಂದರೆ ಇಸ್ತ್ರಿಪೆಟ್ಟಿಗೆಯೋ ಬಾಣಲೆಯೋ ನೆತ್ತಿ ಸೇರಿತು. ಅರೆಗಳಿಗೆ ಸದ್ದೇ ಇಲ್ಲ. ಆಮೇಲೆ, ಅಡುಗೆಮನೆಯಲ್ಲಿದ್ದವರೂ ಕೈ ತಡೆದು ನಿಲ್ಲುವಂಥ ಆ ಕಿರುಚು!

ಕಿರುಚಿದ್ದು ಬೆಕ್ಕಲ್ಲ, ವಿಲಿಯಂ ಹನ್ನಾ. ಜೋಸೆಫ್ ಬಾರ್ಬೆರಾ ಜೊತೆ ಸೇರಿ 1940ರಿಂದ 1958ರವರೆಗೆ ಎಂ.ಜಿ.ಎಂ. ಕಂಪನಿಗಾಗಿ ಈ ಬೆಕ್ಕು-ಇಲಿಯ 114 ಕಿರುಚಿತ್ರ ಮಾಡಿದ ನಿರ್ದೇಶಕರು. ನಿರ್ದೇಶನದ ಸಂಬಳದಲ್ಲೇ ಬೊಬ್ಬೆಯನ್ನೂ ಪೂರೈಸಿಕೊಟ್ಟರು.

ಹೆಚ್ಚುಕಡಿಮೆ ಮಾತೇ ಇಲ್ಲದ ಈ ಚಿತ್ರಗಳಿಗೆ ಸಂಗೀತ ಕೂಡಿಸಿದವರು ಸ್ಕಾಟ್ ಬ್ರಾಡ್ಲಿ. ಕಂಪನಿಯದೇ ದೊಡ್ಡ ವಾದ್ಯವೃಂದವಿತ್ತು. ಪಾಪ, ಘನ ವಿದ್ವಾಂಸರೆಲ್ಲ ಕೋಟು ಸರಿಮಾಡಿಕೊಂಡು, ಶ್ರುತಿ ಸೇರಿಸಿ, ಬೆಕ್ಕೊಂದು ಮೆಟ್ಟಿಲಿಂದ ಉರುಳುವುದಕ್ಕಾಗಿ ಕಾದು ಕೂತಿದ್ದಿರಬೇಕು. ತಾಳ ಮಾತ್ರ ಎಲ್ಲೂ ತಪ್ಪಿಲ್ಲ. ನಮ್ಮ ಎಷ್ಟೋ ಕಛೇರಿಗಳ ಬಗ್ಗೆ ಈ ಮಾತು ಹೇಳಲಾರೆ.

"ಅಜ್ಜಾ, ಬೇಗ ಬಾ, ಪಿಯಾನೋದು ಬಂತು!" ಎಂದರೆ ಮಾತ್ರ ಪೇಪರ್ ಮಡಚಿ ಎದ್ದು ಹೋಗುತ್ತೇನೆ. 1947ರ 'ದಿ ಕ್ಯಾಟ್ ಕಾನ್ಸರ್ಟೋ' ಅದು. ಟಾಮ್ ಬಾಲದ ಕೋಟು ತೊಟ್ಟು, ರೆಪ್ಪೆ ಅರ್ಧ ಇಳಿಸಿ, ಸಂಗೀತಕಾರ ಲಿಸ್ಟ್‌ನ ಎರಡನೇ ಹಂಗೇರಿಯನ್ ರ‍್ಯಾಪ್ಸಡಿ ನುಡಿಸುತ್ತಾನೆ. ಪಿಯಾನೋದೊಳಗೆ ಮಲಗಿದ್ದ ಜೆರ್ರಿಗೆ ನಿದ್ದೆ ಕೆಟ್ಟ ಸಿಟ್ಟು. ಬೆರಳ ಮೇಲೆ ಮುಚ್ಚಳ ಬಡಿಯುತ್ತಾನೆ, ಪಿಯಾನೋ ಕೀಲಿಗಳ ನಡುವೆ ಇಲಿಬೋನು ಇಡುತ್ತಾನೆ. ಬೆರಳು ಹಪ್ಪಳವಾದರೂ ಟಾಮ್ ಸ್ವರ ಬಿಡುವುದಿಲ್ಲ. ಸಭೆಯ ಮರ್ಯಾದೆ ನೋಡಿ! ಕಡೆಗೆ ಪಿಯಾನೋದೊಳಗಿನ ಸುತ್ತಿಗೆಗಳನ್ನೇ ಕಿತ್ತುಕೊಂಡು ಮುಕ್ತಾಯ ನುಡಿಸುವವನು ಜೆರ್ರಿ. ಟಾಮ್ ಕುಸಿದು ಬೀಳುತ್ತಾನೆ, ದೀಪದ ಬೆಳಕು ಇಲಿಯ ಮೇಲೆ.

"ಇಲಿನೇ ಗೆದ್ದಿದ್ದು," ಅಂದ ಮೊಮ್ಮಗ.

"ಅಷ್ಟು ಹೊತ್ತು ಬೆರಳು ಸವೆಸಿದ್ದು ಯಾರಪ್ಪಾ?"

"ಚಪ್ಪಾಳೆ ಯಾರಿಗೆ ಬಿತ್ತು ನೋಡಜ್ಜ!"

ಹುಡುಗನ ಲೆಕ್ಕ ಸರಿಯೇ. ಈ ಚಿತ್ರಕ್ಕೂ ಆಸ್ಕರ್ ಬಂತು. ಟಾಮ್ ಅಂಡ್ ಜೆರ್ರಿಗೆ ಬಂದ ಏಳರಲ್ಲಿ ಅದೂ ಒಂದು. ಏಳೂ ಪ್ರಶಸ್ತಿ ಸೇರಿದ್ದು ನಿರ್ಮಾಪಕ ಫ್ರೆಡ್ ಕ್ವಿಂಬಿ ಹೆಸರಿಗೆ. ಹನ್ನಾ ಅವರ ಆ ಕಿರುಚಿನಲ್ಲಿ ನಟನೆ ಎಷ್ಟಿತ್ತೋ ಎಂದು ನನಗೆ ಸಣ್ಣ ಅನುಮಾನ.