ದಿಕ್ಪಾಲನಾತ್ಮಕತೆಯ ನೆಲೆಗಳು: ಒಂದು ಬಹುಮುಖಿ ಅನುಸಂಧಾನ

ವಿಶ್ವದ ಸಮತೋಲನ ಕಾಯುವ ಹೊಣೆ ಹೊತ್ತಿರುವ ಅಷ್ಟದಿಕ್ಪಾಲಕ ಮಂಡಳಿಯನ್ನು ಕುರಿತು ಈವರೆಗೆ ಬಂದಿರುವ ಮಾತುಗಳಲ್ಲಿ ಬಹುಪಾಲು ಅರ್ಥವಾಗುವ ಭಾಷೆಯಲ್ಲೇ ಇರುವುದರಿಂದ ಅವನ್ನು ಸಂಶೋಧನೆಯೆಂದು ಪರಿಗಣಿಸಲು ಬರುವುದಿಲ್ಲವಾಗಿ, ಆ ಕೊರತೆಯನ್ನು ತುಂಬುವುದು ಪ್ರಸ್ತುತ ಪ್ರಬಂಧದ ವಿನಮ್ರ ಉದ್ದೇಶವಾಗಿದೆ. ಇಲ್ಲಿ ಬಳಸಲಾಗುವ ಮುಖ್ಯ ಪರಿಕಲ್ಪನೆ 'ದಿಕ್ಪಾಲನಾತ್ಮಕತೆ'. ಇದರಲ್ಲಿ 'ದಿಕ್ಪಾಲನೆ' ಎಂದರೆ ದಿಕ್ಕನ್ನು ಕಾಯುವುದು. 'ಆತ್ಮಕತೆ' ಎಂದರೆ ಯಾವುದೇ ಪದದ ಬಾಲಕ್ಕೆ ಕಟ್ಟಿದೊಡನೆ ಆ ಪದವನ್ನು ವಿಚಾರ ಸಂಕಿರಣಕ್ಕೆ ಅರ್ಹಗೊಳಿಸುವ ಗುಣವಿಶೇಷ.

ಪೂರ್ವಕ್ಕೆ ಇಂದ್ರ, ಆಗ್ನೇಯಕ್ಕೆ ಅಗ್ನಿ, ದಕ್ಷಿಣಕ್ಕೆ ಯಮ, ನೈಋತ್ಯಕ್ಕೆ ನಿರೃತಿ, ಪಶ್ಚಿಮಕ್ಕೆ ವರುಣ, ವಾಯವ್ಯಕ್ಕೆ ವಾಯು, ಉತ್ತರಕ್ಕೆ ಕುಬೇರ, ಈಶಾನ್ಯಕ್ಕೆ ಈಶಾನ ಎಂದು ಮಗ್ಗಿಯಂತೆ ಒಪ್ಪಿಸಿದರೆ ಶಾಲೆಯ ಮಗುವಿಗೂ ತಿಳಿದುಬಿಡುವ ಅಪಾಯವಿರುವುದರಿಂದ, ಇದನ್ನು 'ದಿಗ್ವಿನ್ಯಾಸಾತ್ಮಕ ಅಧಿಕಾರ ವಿಕೇಂದ್ರೀಕರಣದ ಅಷ್ಟಮುಖಿ ಸಂಕಥನ' ಎಂದು ಕರೆಯಲಾಗಿದೆ. ತಿಪಟೂರು ತಾಲ್ಲೂಕಿನ ಅರಳಗುಪ್ಪೆಯ ಕಲ್ಲೇಶ್ವರ ಗುಡಿಯಲ್ಲಿ 9ನೆಯ ಶತಮಾನದ ಶಿಲ್ಪಿ ಛತ್ತಿನ ನಡುವೆ ಕುಣಿಯುವ ಶಿವನನ್ನೂ ಸುತ್ತ ಈ ಎಂಟು ಮಂದಿಯನ್ನೂ ಕಡೆದು, ತಲೆ ಎತ್ತಿದವರಿಗೆಲ್ಲ ವಿಷಯ ತಿಳಿಯುವಂತೆ ಮಾಡಿದ್ದಾನೆ. ಪರಿಭಾಷೆಯ ಅಭಾವದಿಂದ ಸಂಭವಿಸಿದ ಪ್ರಮಾದವೆಂದು ಇದನ್ನು ಕ್ಷಮಿಸಬಹುದು.

ಮಂಡಳಿಯ ಸದಸ್ಯರನ್ನು ಎಂಟು ವರ್ಗಗಳಾಗಿ ವಿಂಗಡಿಸಬಹುದು. ಮೊದಲನೆಯದು ಪದಚ್ಯುತಿಭಯಾತ್ಮಕ ವರ್ಗ: ಯಾರಾದರೂ ನೂರು ಅಶ್ವಮೇಧ ಮುಗಿಸಿಯಾರೆಂಬ ಅಂಜಿಕೆಯಿಂದ ಯಜ್ಞದ ಕುದುರೆ ಕದಿಯುವ, ಕಾಡಿನಲ್ಲಿ ಕಣ್ಣು ಮುಚ್ಚಿ ಕುಳಿತವರ ಬಳಿಗೆ ಅಪ್ಸರೆಯರನ್ನು ಅಟ್ಟುವ ಇಂದ್ರ ಇದರ ಏಕೈಕ ಸದಸ್ಯನಾಗಿದ್ದು, ಮನ್ವಂತರಕ್ಕೊಬ್ಬ ಇಂದ್ರ ಬರುತ್ತಾನೆಂದೂ ಮುಂದಿನ ಸರದಿ ಬಲಿ ಚಕ್ರವರ್ತಿಯದೆಂದೂ ಪುರಾಣಗಳು ಮೊದಲೇ ಸಾರಿಬಿಟ್ಟಿರುವುದು ಅವನ ನಿದ್ದೆಗೆಡಿಸಿದೆ. ಎರಡನೆಯದು ಹಿಂಬಡ್ತ್ಯಾತ್ಮಕ ವರ್ಗ: ಸೂರ್ಯ ಹುಟ್ಟುವುದರಿಂದ ಹಿಡಿದು ಮನುಷ್ಯ ಕೊಟ್ಟ ಮಾತಿನವರೆಗೆ ಎಲ್ಲವೂ ತಪ್ಪದೆ ನಡೆಯಬೇಕೆಂಬ ವಿಶ್ವನಿಯಮಕ್ಕೆ ವೇದದಲ್ಲಿ 'ಋತ' ಎಂದು ಹೆಸರಿದ್ದು, ಅದರ ಕಾವಲುಗಾರನಾಗಿದ್ದ ವರುಣ ಕಾಲಾನಂತರ ಪಶ್ಚಿಮ ದಿಕ್ಕು ಮತ್ತು ನೀರು, ಇಷ್ಟಕ್ಕೆ ಇಳಿದ; ಸಮತೋಲನ ಕಾಯುವ ಮಂಡಳಿಯಲ್ಲಿ ಸಮತೋಲನದ ಖಾತೆ ಯಾರ ಬಳಿಯಿದೆ ಎಂಬುದು ಅಂದಿನಿಂದ ಸ್ಪಷ್ಟವಿಲ್ಲ. ಮೂರನೆಯದು ಲಿಂಗಾಂತರಾತ್ಮಕ ವರ್ಗ: ಋಗ್ವೇದದಲ್ಲಿ ಕೇಡಿನ ಅಧಿದೇವತೆಯಾದ ಹೆಣ್ಣಾಗಿದ್ದ ನಿರೃತಿ, ನೈಋತ್ಯ ಮೂಲೆಯ ಅಧಿಕಾರ ವಹಿಸಿಕೊಳ್ಳುವ ಹೊತ್ತಿಗೆ ಗಂಡಾಗಿದ್ದಾನೆ. ನಾಲ್ಕನೆಯದು ಮಲಸೋದರ ರಾವಣನಿಂದಾಗಿ ಲಂಕೆಯನ್ನೂ ಪುಷ್ಪಕ ವಿಮಾನವನ್ನೂ ಕಳೆದುಕೊಂಡ ಕುಬೇರನದು. ಉಳಿದ ನಾಲ್ಕು ವರ್ಗಗಳ ಹೆಸರಿಗೂ 'ಆತ್ಮಕ' ಸೇರಿಸಬಹುದೆಂಬುದು ಇಷ್ಟರಲ್ಲಿ ಓದುಗರಿಗೆ ಹೊಳೆದಿರುವುದರಿಂದ ವರ್ಗೀಕರಣವನ್ನು ಇಲ್ಲಿಗೆ ಕೈಬಿಡಲಾಗಿದೆ.

ಮಂಡಳಿಯು ಸಮತೋಲನವನ್ನು ನಿಜಕ್ಕೂ ಹೇಗೆ ಕಾಯುತ್ತದೆಂಬುದಕ್ಕೆ ಮಹಾಭಾರತದ ಖಾಂಡವದಹನ ಉತ್ತಮ ನಿದರ್ಶನ. ಅಲ್ಲಿ ಆಗ್ನೇಯದ ಅಧಿಪತಿ ಹಸಿದು ಕಾಡನ್ನು ತಿನ್ನಲು ಹೊರಟರೆ, ಪೂರ್ವದ ಅಧಿಪತಿ ಅಲ್ಲಿ ನೆಲೆಸಿದ್ದ ತನ್ನ ಗೆಳೆಯ ತಕ್ಷಕನ ಸಲುವಾಗಿ ಮಳೆ ಸುರಿಸಿ ತಡೆಯುತ್ತಾನೆ. ಆಗ ಪಶ್ಚಿಮದ ಅಧಿಪತಿ ಅಗ್ನಿಯ ಕೋರಿಕೆಯಂತೆ, ಆ ಮಳೆಯನ್ನು ತಡೆಯಲೆಂದು ಅರ್ಜುನನಿಗೆ ಗಾಂಡೀವ ಧನುಸ್ಸನ್ನು ತಂದುಕೊಡುತ್ತಾನೆ. ಹೀಗೆ ಮೂರು ದಿಕ್ಕುಗಳು ಸೇರಿ ಕಾಪಾಡಿದ ಸಮತೋಲನದಲ್ಲಿ ಉಳಿದದ್ದು ಆರೇ ಜೀವ: ತಕ್ಷಕನ ಮಗ ಅಶ್ವಸೇನ, ಮಯ, ನಾಲ್ಕು ಶಾರ್ಙ್ಗಕ ಹಕ್ಕಿಗಳು. ಇದನ್ನು 'ಪರಿಸರಾತ್ಮಕ ಸಮತೋಲನದ ಪುನರ್‌ವಿನ್ಯಾಸ' ಎಂದು ಬರೆದರೆ ಪದವಿ ಸಿಗುತ್ತದೆ. ಕಾಡು ಸುಟ್ಟರು ಎಂದು ಬರೆದರೆ ಮಾರ್ಗದರ್ಶಕರ ಕೆಂಪು ಗೆರೆ ಬೀಳುತ್ತದೆ.

ಆದರೆ ಕಾಡು ಸುಟ್ಟರು. ಅದನ್ನು ಹೇಳಲು ಕನ್ನಡದಲ್ಲಿ ಎರಡು ಪದ ಸಾಕು, ಆ ಎರಡನ್ನು ಬರೆಯಗೊಡದ ವಿದ್ವತ್ತು ಯಾವ ದಿಕ್ಕನ್ನೂ ಕಾಯುತ್ತಿಲ್ಲ, ತನ್ನ ಕುರ್ಚಿಯನ್ನು ಕಾಯುತ್ತಿದೆ. ಮನೆತನದಲ್ಲೇ ಮೊದಲ ಬಾರಿಗೆ ಎಂ.ಎ. ಮುಗಿಸಿ ಬಂದ ಹುಡುಗಿಯೊಬ್ಬಳು ಅಜ್ಜಿಯ ಬಾಯಲ್ಲಿ ಕೇಳಿದ ಕತೆಯನ್ನು, ವರ್ಷಗಟ್ಟಲೆ ಕಷ್ಟಪಟ್ಟು, ಅಜ್ಜಿಗೇ ಅರ್ಥವಾಗದ ಹಾಗೆ ಬರೆಯಲು ಕಲಿಯುತ್ತಾಳೆ. ಕಲಿತಳೆಂದು ಖಾತ್ರಿಯಾದ ದಿನ ಅವಳಿಗೆ ಡಾಕ್ಟರೇಟು ಕೊಡಲಾಗುತ್ತದೆ.

ಪ್ರಬಂಧವು ಶಾಸ್ತ್ರೀಯ ಗಾಂಭೀರ್ಯಕ್ಕೆ ಮರಳುತ್ತ, ದಮಯಂತಿಯ ಸ್ವಯಂವರವನ್ನು ಪರಿಶೀಲಿಸಬಯಸುತ್ತದೆ. ಅಂದು ಇಂದ್ರ, ಅಗ್ನಿ, ಯಮ, ವರುಣ ನಾಲ್ವರೂ ತಂತಮ್ಮ ದಿಕ್ಕುಗಳನ್ನು ಬಿಟ್ಟು ಅವಳು ಮೆಚ್ಚಿದ್ದ ನಳನ ವೇಷದಲ್ಲಿ ಅವನೊಡನೆ ಒಂದೇ ಸಾಲಿನಲ್ಲಿ ನಿಂತಿದ್ದರು. ಆ ಹೊತ್ತು ದಿಕ್ಕುಗಳನ್ನು ಯಾರು ಕಾದರೆಂಬುದಕ್ಕೆ ಉಲ್ಲೇಖವಿಲ್ಲ, ಲೋಕವಂತೂ ಬೀಳಲಿಲ್ಲ. ದಮಯಂತಿ ಮನುಷ್ಯನನ್ನು ಗುರುತಿಸಿದ್ದು ಬೆವರಿನಿಂದ, ಮೈಯ ಧೂಳಿನಿಂದ, ಬಾಡಿದ ಹೂಮಾಲೆಯಿಂದ, ನೆಲಕ್ಕೆ ತಾಗಿದ ಪಾದದಿಂದ.

ಆ ಬೆವರಿನ ಗುರುತು ಹಿಡಿದು ಮತ್ತೆ ಗುಡಿಯ ಛತ್ತುಗಳನ್ನು ನೋಡಬೇಕಾಗುತ್ತದೆ. ಇಂದ್ರನಿಗೆ ಆನೆ, ಅಗ್ನಿಗೆ ಟಗರು, ಯಮನಿಗೆ ಕೋಣ, ವರುಣನಿಗೆ ಮೊಸಳೆ, ವಾಯುವಿಗೆ ಜಿಂಕೆ, ಈಶಾನನಿಗೆ ಎತ್ತು. ಕುಬೇರನನ್ನು ಕೆಲವೆಡೆ ಕುದುರೆಯ ಮೇಲೆ ಕೂರಿಸಿದ್ದರೂ 'ನರವಾಹನ'ನೆಂಬ ಅವನ ಹೆಸರು ಹಾಗೇ ಇದೆ. ನಿರೃತಿ ಕೂತಿರುವುದು ಮನುಷ್ಯನ ಮೇಲೆ. ವಾಸ್ತುವಿನವರು ಮನೆಯ ಭಾರವನ್ನೆಲ್ಲ ನೈಋತ್ಯ ಮೂಲೆಯಲ್ಲೇ ಇಡಿಸುವುದು ಕೂಡ ಈ ಮನುಷ್ಯನ ಬೆನ್ನಿನ ಮೇಲೆಯೇ. ಮೇಲೆ ಕೂತವರಿಗೆ ಹೆಸರು, ಆಯುಧ, ಪಟ್ಟಣ, ಪತ್ನಿ, ಸ್ತೋತ್ರ ಎಲ್ಲವೂ ಇವೆ; ಹೊತ್ತವನಿಗೆ ಹೆಸರೂ ಇಲ್ಲ, ಅವನು ಬೆನ್ನು ನೆಟ್ಟಗೆ ಮಾಡಿದರೆ ಒಂದು ದಿಕ್ಕೇ ಉರುಳುತ್ತದೆ ಎಂಬುದನ್ನು ಯಾವ ಸಂಕಿರಣವೂ ಚರ್ಚೆಗೆ ಎತ್ತಿಕೊಂಡಿಲ್ಲ. ಅವನಿಗಾಗಿ 'ವಾಹನಾತ್ಮಕ ಮಾನವತೆ' ಎಂಬ ಪರಿಭಾಷೆಯನ್ನು ಸೂಚಿಸಲು ಪ್ರಸ್ತುತ ಪ್ರಬಂಧಕ್ಕೆ ಅವಕಾಶವಿತ್ತು. ಬಗ್ಗಿದ ಬೆನ್ನಿಗೆ ಇನ್ನೊಂದು ಹೊರೆ ಬೇಡವೆಂದು ಬಿಡಲಾಗಿದೆ.