ಆಪೂಸಿಗೆ ಫ್ರೀಜರ್ ವಾಸ

ಮೇ ತಿಂಗಳು ಬಂತಂದ್ರ ಧಾರವಾಡದಾಗ ಆಪೂಸ ಹಣ್ಣಿನ ರೇಟು ಕೇಳಿ ಸುಮ್ಮನ ಮುಂದ ಹೋಗೋ ಮಂದಿ ಒಂದು ಕಡೆ. ಬೆಂಗಳೂರಿಂದ ರಜಾಕ್ಕ ಬಂದು, ಅದೇ ಹಣ್ಣಿಂದ ಸೋರ್ಬೆ ಮಾಡ್ತೀವಿ ಅಂತ ಮೊಬೈಲ್ ಹಿಡಕೊಂಡು ಅಡಗಿಮನಿ ಹೊಗೋ ಹುಡುಗರು ಇನ್ನೊಂದು ಕಡೆ. ಅಲ್ರೀ, ಕೆಲಗೇರಿ, ಕಲಕೇರಿ ಕಡೆಯ ಆಪೂಸ ಕೈಯಾಗ ಇದ್ದಾಗ ಸೀಕರಣಿ ಬಿಟ್ಟು ಬ್ಯಾರೆ ವಿಚಾರ ತಲಿಗೆ ಬರೋದರ ಹೆಂಗ?

ಸೋರ್ಬೆ ಅಂದ್ರ ಹಾಲು-ಕೆನಿ ಹಾಕದ ಹಣ್ಣಿನ ಐಸ್‌ಕ್ರೀಮು, ಅಷ್ಟ. ಅರ್ಧ ಕಿಲೋ ತಿರುಳಿಗೆ 100 ಗ್ರಾಂ ಸಕ್ಕರಿ ಕರಗಿಸಿದ ನೀರು, ಒಂದು ಲಿಂಬಿಹಣ್ಣಿನ ರಸ, ಚಿಟಿಕಿ ಉಪ್ಪು. ಜಗಳ ಹತ್ತೋದು ಸಕ್ಕರಿ ಡಬ್ಬಿ ತಗದಾಗ. "ಆಪೂಸಿಗೆ ಸಕ್ಕರಿ ಯಾಕ? ಇದೇನು ಗಿಣಿಮೂತಿ ಕಾಯೇನವಾ?" ಅಂತ ಅಜ್ಜಿ ಕೇಳೇ ಕೇಳ್ತಾರ. ಸಿಹಿ ಸಲುವಾಗಿ ಅಲ್ರೀ ಅದು. ಸಕ್ಕರಿ ಇದ್ದಲ್ಲಿ ನೀರು ಪೂರ್ತಿ ಹೆಪ್ಪುಗಟ್ಟೂದಿಲ್ಲ. ಹಣ್ಣಿಂದೂ ಸೇರಿ ನೂರಕ್ಕ 25-30 ಪಾಲು ಸಕ್ಕರಿ ಬೇಕು. ಕಡಿಮಿ ಆತೋ, ಒಡಿಲಿಕ್ಕೆ ಒಳಕಲ್ಲಿನ ಗುಂಡ ಬೇಕು; ಹೆಚ್ಚಾತೋ, ಬೆಳತನಾ ಇಟ್ಟರೂ ಗಂಜಿ. ಅಳತಿ ನೋಡ್ಲಿಕ್ಕೆ ಪರದೇಶದವರು ಆ ಮಿಶ್ರಣದಾಗ ತತ್ತಿ ತೇಲಿಬಿಡ್ತಾರಂತ: ನಾಣ್ಯದಷ್ಟು ಮೇಲೆ ಕಂಡ್ರ ಸಕ್ಕರಿ ಬರೋಬ್ಬರಿ. ಈ ಉಪಾಯ ನಮ್ಮ ಮಡಿಯವರ ಮನ್ಯಾಗ ಬಾಯಿಬಿಟ್ಟು ಹೇಳಿ ನೋಡ್ರಿ, ಫ್ರಿಜ್ಜಿಗೇ ಪುಣ್ಯಾಹ ಆಗ್ತದ!

ಮುಂದ ಫ್ರೀಜರಿನಾಗ ಇಟ್ಟು ಅರ್ಧ ಅರ್ಧ ತಾಸಿಗೊಮ್ಮೆ ಫೋರ್ಕಿನಿಂದ ಕೆದರಬೇಕು, ಐಸಿನ ಹರಳು ದೊಡ್ಡದಾಗಬಾರದು ಅಂತ. ಸಂಜಿಗೆ ಅಡ್ಡಮಳಿ ಗುಡುಗಿತೋ, ಕರೆಂಟ್ ಮಾಯ. ಹುಡುಗರ ಮುಖ ಮೆತ್ತಗಾದ ಕರಿಗಡಬಿನಂಗ ಸಪ್ಪಗ. ಆವಾಗ ಹಿರೇರ ಬುದ್ಧಿ ಬೇಕಾಗ್ತದ್ರೀ: ಬಕೆಟ್ಟಿನಾಗ ಐಸ್ ಒಡದು ಹಾಕಿ, ಮ್ಯಾಲ ಮುಷ್ಟಿಗಟ್ಟಲೆ ಹರಳುಪ್ಪು ಉಗ್ಗಿ, ನಡುವ ಸ್ಟೀಲ್ ಡಬ್ಬಿ ಇಟ್ಟು ತಿರುವಿಕೋತ ಕೂಡೋದು. ಉಪ್ಪು ಬಿದ್ದ ಐಸು ಸೊನ್ನೆ ಡಿಗ್ರಿಗಿಂತ ಎಷ್ಟೋ ಕೆಳಗ ಇಳೀತದ. ಹೆಚ್ಚಾನುಹೆಚ್ಚು ಅಂದ್ರ ಮೈನಸ್ 21ರ ಮಟಾ! ಮನಿ ಫ್ರೀಜರು ಸಾಮಾನ್ಯ ಮೈನಸ್ 18. ರಟ್ಟಿ ನೋವು ಮಾತ್ರ ಪುಕ್ಕಟೆ.

ಅಂತೂ ವಾಟಗಾದಾಗ ಬಂತು. ಮೊದಲ ಚಮಚಾ ಅಜ್ಜಿಗೆ. ಎಲ್ಲಾರೂ ಅವರ ಬಾಯೇ ನೋಡ್ತಿದ್ದರು.

"ಸೀಕರಣಿಗೆ ಥಂಡಿ ಹತ್ತೇದ, ಮತ್ತೇನಿಲ್ಲ," ಅಂದ್ರು. "ಚಪಾತಿ ಎಲ್ಲದ?"